ನಿಮಗಿದು ಗೊತ್ತೇ? ಕಡಲಿಲ್ಲದ ಕಲ್ಯಾಣದ ಏಳು ಕಡಲು!

ಬಸವಕಲ್ಯಾಣದಿಂದ ಸಮುದ್ರ ನೋಡಬೇಕೆಂದರೆ, ಹಕ್ಕಿ ಹಾರಿದಂತೆ ಹೋದರೂ ಸುಮಾರು 400 ಕಿ.ಮೀ. ಪಡುವಣಕ್ಕೆ ಹೋಗಬೇಕು. ಊರು ಇರುವುದೋ ಸಮುದ್ರ ಮಟ್ಟದಿಂದ 600 ಮೀಟರಿಗೂ ಮೇಲೆ! ಆದರೆ ಈ ಸೀಮೆಯ ಕಲ್ಲಿನಲ್ಲಿ, ಗ್ರಂಥದಲ್ಲಿ, ಕಾನೂನಿನಲ್ಲಿ ಎಲ್ಲಿ ಕೈಹಾಕಿದರೂ ಕಡಲೇ ಸಿಗುತ್ತದೆ. ನಂಬಿಕೆ ಬರಲಿಲ್ಲವೇ? ಬನ್ನಿ.

ಅಜ್ಜಿ ಕಥೆಯಲ್ಲಿ ರಾಕ್ಷಸನ ಪ್ರಾಣ ಏಳು ಸಮುದ್ರದಾಚೆಯ ಗಿಳಿಯಲ್ಲಿ ಇರುತ್ತಿತ್ತಲ್ಲ, ಆ ಏಳಕ್ಕೂ ಹೆಸರಿದೆ! ಉಪ್ಪುನೀರು, ಕಬ್ಬಿನ ಹಾಲು, ಮದ್ಯ, ತುಪ್ಪ, ಮೊಸರು, ಹಾಲು, ಸಿಹಿನೀರು. ಹುಮನಾಬಾದಿನ ಸುತ್ತ ಕಬ್ಬಿನ ಹೊಲ ನೋಡಿದವರಿಗೆ ಎರಡನೆಯ ಕಡಲು ಮಾತ್ರ ಅಷ್ಟೇನೂ ದೂರ ಅನ್ನಿಸಲಿಕ್ಕಿಲ್ಲ!

ಹಾಲು ಮೊದಲೋ, ಮೊಸರು ಮೊದಲೋ? ಪುರಾಣಗಳಲ್ಲೇ ಜಗಳ! ವಿಷ್ಣು ಪುರಾಣದಲ್ಲಿ ಮೊಸರಿನ ಕಡಲು ಐದನೆಯದು, ಹಾಲಿನದು ಆರನೆಯದು. ಭಾಗವತದಲ್ಲಿ ಹಾಲು ಮುಂದೆ, ಮೊಸರು ಹಿಂದೆ. ಹೆಪ್ಪು ಹಾಕುವ ಮನೆಯವರ ಓಟು ಭಾಗವತಕ್ಕೇ ಬೀಳಬಹುದು.

ಈ ಕಡಲುಗಳು ಆದದ್ದು ಹೇಗೆ ಗೊತ್ತೇ? ಗಾಲಿಯ ಜಾಡಿನಿಂದ! ಸೂರ್ಯ ಅರ್ಧ ಭೂಮಿಗಷ್ಟೇ ಬೆಳಕು ಕೊಡುತ್ತಾನೆ, ಇನ್ನರ್ಧ ಕತ್ತಲು ಎಂದು ಪ್ರಿಯವ್ರತ ರಾಜನಿಗೆ ಸಿಟ್ಟು ಬಂತಂತೆ. ರಥ ಏರಿ ಸೂರ್ಯನ ಹಿಂದೆಯೇ ಏಳು ಸುತ್ತು ಹೊಡೆದ. ಗಾಲಿ ಕೊರೆದ ಏಳು ಜಾಡುಗಳೇ ಏಳು ಸಮುದ್ರ ಎನ್ನುತ್ತದೆ ಭಾಗವತ. ಮಳೆಗಾಲದಲ್ಲಿ ಕರಿಮಣ್ಣಿನ ದಾರಿಯಲ್ಲಿ ಬಂಡಿ ಹೋದ ಮೇಲೆ ಜಾಡಿನಲ್ಲಿ ನೀರು ನಿಂತದ್ದು ನೋಡಿದ್ದೀರಲ್ಲ? ಅದೇ, ಸ್ವಲ್ಪ ದೊಡ್ಡದು!

ಸ್ವಲ್ಪ ಎಂದರೆ ಎಷ್ಟು? ಉಪ್ಪಿನ ಕಡಲಿನ ಅಗಲ 1 ಲಕ್ಷ ಯೋಜನ. ಮುಂದಿನದು ಅದರ ಇಮ್ಮಡಿ, ಅದರ ಮುಂದಿನದು ಮತ್ತೆ ಇಮ್ಮಡಿ. ಕೊನೆಯ ಸಿಹಿನೀರಿನ ಕಡಲು ಮುಟ್ಟುವಷ್ಟರಲ್ಲಿ 64 ಲಕ್ಷ!

ಈಗ ಹುಮನಾಬಾದ್ ತಾಲ್ಲೂಕಿನ ಜಲಸಂಗ್ವಿಗೆ ಬನ್ನಿ. ಹೆಸರಿನಲ್ಲೇ ಜಲ! ಇಲ್ಲಿನ ಚಾಲುಕ್ಯರ ಕಾಲದ ಶಿವಾಲಯದ ಹೊರಗೋಡೆ ತುಂಬ ಚೆಲುವೆಯರು. ಅವರಲ್ಲಿ ಒಬ್ಬಳು ಕನ್ನಡಿ ನೋಡುತ್ತಿಲ್ಲ, ಕುಣಿಯುತ್ತಿಲ್ಲ. ಬರೆಯುತ್ತಿದ್ದಾಳೆ! ನಮಗೆ ಬೆನ್ನು ತಿರುಗಿಸಿ, ಕೈಯೆತ್ತಿ, ಕಲ್ಲಿನ ಮೇಲೆ ಅಕ್ಷರ ಮೂಡಿಸುತ್ತಿದ್ದಾಳೆ. ಸುಮ್ಮನೆ ಗೀಚಿದ್ದಲ್ಲ, ಓದಲು ಬರುವ ನಿಜವಾದ ಸಂಸ್ಕೃತ ಶಾಸನ!

ಏನು ಬರೆದಳು? ಏಳು ದ್ವೀಪಗಳ ಭೂಮಿಯನ್ನೆಲ್ಲ ಚಾಲುಕ್ಯ ವಿಕ್ರಮಾದಿತ್ಯ ತನ್ನದಾಗಿಸಿಕೊಳ್ಳುವನು ಎಂಬ ಅರ್ಥದ ಶ್ಲೋಕ. ಏಳು ದ್ವೀಪ ಎಂದಮೇಲೆ ಅವನ್ನು ಒಂದೊಂದಾಗಿ ಸುತ್ತುವರಿದ ಏಳು ಕಡಲೂ ಬಂದವಲ್ಲ! ಅಂದರೆ ಹಾಲು, ತುಪ್ಪ, ಮೊಸರು ಎಲ್ಲವೂ ಕಲ್ಯಾಣದ ದೊರೆಯ ಖಾತೆಗೇ! 1076ರಿಂದ 1126ರವರೆಗೆ, ಬರೋಬ್ಬರಿ 50 ವರ್ಷ ಆಳಿದ ಆರನೆಯ ವಿಕ್ರಮಾದಿತ್ಯನೇ ಈ ದೊರೆ. ರಾಜರನ್ನು ಹೊಗಳಿದ ಶಾಸನಗಳು ನಾಡಿನಲ್ಲಿ ಸಾವಿರಾರು. ಹೊಗಳಿಕೆಯನ್ನು ಬರೆಯುವ ಕೈಯನ್ನೂ ಜೊತೆಗೇ ಕಡೆದ ಜಾಣತನ ನನಗಂತೂ ಇಲ್ಲಿಯದೇ ಹೆಚ್ಚು ಇಷ್ಟ.

ಹಳಗಾಲದ ಶಾಸನಗಳು ವಿಳಾಸ ಹೇಳುವುದೂ ಕಡಲಿನಿಂದಲೇ! ಮೊದಲು ಉಪ್ಪಿನ ಸಮುದ್ರ, ಅದು ಸುತ್ತುವರಿದ ಜಂಬೂದ್ವೀಪ, ನಡುವೆ ಮೇರು, ಅದರ ತೆಂಕಣಕ್ಕೆ ಭರತಭೂಮಿ, ಅದರೊಳಗೆ ಕುಂತಳ ನಾಡು. ಹೀಗೆ ಇಳಿದಿಳಿದು ಕೊನೆಗೆ ಒಂದು ಪುಟ್ಟ ಊರು! ಪಿನ್‌ಕೋಡ್ ಇಲ್ಲದ ಕಾಲ ನೋಡಿ.

ಕಲ್ಯಾಣದಲ್ಲಿ ಚಾಲುಕ್ಯರು ಇನ್ನೂ ಆಳುತ್ತಿದ್ದ 1150ರಲ್ಲಿ ಭಾಸ್ಕರಾಚಾರ್ಯ ಸಿದ್ಧಾಂತ ಶಿರೋಮಣಿ ಬರೆದ. ಅವನ ಲೆಕ್ಕದಲ್ಲಿ ಭೂಮಿ ದುಂಡಗೆ, ಸುತ್ತಳತೆ 4,967 ಯೋಜನ. ಇದರೊಳಗೆ ಲಕ್ಷ ಯೋಜನದ ಕಡಲು ಹಿಡಿಸುವುದೆಲ್ಲಿ? ಆದರೂ ಅವನು ಕಡಲುಗಳನ್ನು ಎಸೆಯಲಿಲ್ಲ. ಜಂಬೂದ್ವೀಪಕ್ಕೆ ಭೂಮಿಯ ಉತ್ತರಾರ್ಧ ಕೊಟ್ಟು, ಹಾಲು ಮೊಸರುಗಳನ್ನೆಲ್ಲ ದಕ್ಷಿಣಾರ್ಧಕ್ಕೆ ಸಾಗಹಾಕಿದ!

ಕಲ್ಯಾಣದ ಪಂಡಿತ ವಿಜ್ಞಾನೇಶ್ವರ ಕಡಲಿನ ಸಾಲಕ್ಕೂ ವ್ಯಾಖ್ಯಾನ ಬರೆದಿದ್ದಾನೆ! ಅವನ ಮಿತಾಕ್ಷರಾ, ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ ಟೀಕೆ. ಆ ಸ್ಮೃತಿಯ ಪ್ರಕಾರ ಅಡವು ಇಟ್ಟು ತಂದ ಸಾಲಕ್ಕೆ ಬಡ್ಡಿ ತಿಂಗಳಿಗೆ ನೂರಕ್ಕೆ ಒಂದೂಕಾಲು. ಕಾಡು ದಾಟುವ ವ್ಯಾಪಾರಿಗೆ ನೂರಕ್ಕೆ 10. ಸಮುದ್ರಕ್ಕೆ ಇಳಿಯುವವನಿಗೆ ಬರೋಬ್ಬರಿ 20! ಹಡಗು ಮುಳುಗಿದರೆ ಬಡ್ಡಿಯಿರಲಿ, ಅಸಲೂ ನೀರುಪಾಲು ತಾನೇ?

ವಿಕ್ರಮಾದಿತ್ಯನ ಮಗ ಮೂರನೆಯ ಸೋಮೇಶ್ವರನದು ಇನ್ನೊಂದು ಬಗೆ. ಸುಮಾರು 1129ರ ತನ್ನ ಮಾನಸೋಲ್ಲಾಸದಲ್ಲಿ ಮೀನು ಹಿಡಿಯುವ ಆಟಕ್ಕೇ ಒಂದು ಅಧ್ಯಾಯ ಕೊಟ್ಟಿದ್ದಾನೆ. ಸುಮಾರು 35 ಬಗೆಯ ಮೀನು. ಹೊಳೆಯವು ಸರಿ, ಕಡಲಿನವೂ ಇವೆ!

ಅಕ್ಕಮಹಾದೇವಿ ಮಲೆನಾಡಿನ ಉಡುತಡಿಯಿಂದ ಈ ಕಲ್ಯಾಣಕ್ಕೆ ನಡೆದು ಬಂದವಳು. ಅಂಜಿಕೆ ಬಿಡು ಎಂದು ಹೇಳಲು ಅವಳಿಗೆ ಒಂದು ವಚನದಲ್ಲಿ ಒದಗಿದ್ದು ಕಡಲ ದಂಡೆಯ ಮನೆ, ಮುಂದೆ ಅಲೆಗಳ ಅಬ್ಬರ!

ಪುರಾಣದಲ್ಲಿ ಕಡಲಿನ ತಳದಲ್ಲಿ ಒಂದು ಬೆಂಕಿಯೂ ಇದೆ. ಅದಕ್ಕೆ ಹೆಣ್ಣುಕುದುರೆಯ ಮುಖ! ಬಡಬಾಗ್ನಿ ಎನ್ನುವುದು ಅದನ್ನೇ. ಸುಳ್ಳೆಂದು ನಗಬೇಡಿ. ಸುಮಾರು 6.6 ಕೋಟಿ ವರ್ಷದ ಹಿಂದೆ ದಖ್ಖನ್ನಿನಲ್ಲಿ ನೆಲ ಬಿರಿದು ಲಾವಾ ಹೊಳೆಹೊಳೆಯಾಗಿ ಹರಿಯಿತು. ಅದೇ ಆರಿ, ಗಟ್ಟಿಯಾಗಿ ಈ ಸೀಮೆಯ ಕರಿಕಲ್ಲಾಯಿತು. ಈ ಊರುಗಳು ನಿಂತಿರುವುದೇ ಆರಿದ ಬೆಂಕಿಯ ಕಡಲಿನ ಮೇಲೆ!

ಹಾಗಾದರೆ ಹಾಲಿನ ಕಡಲು ಬರೀ ಕಥೆಯೇ? ತಾಳಿ! 1995ರ ಜನವರಿ 25ರ ರಾತ್ರಿ, ಸೊಮಾಲಿಯಾ ಕರಾವಳಿಯಾಚೆ ಲೀಮಾ ಎಂಬ ಹಡಗಿನವರು ನೋಡುತ್ತಾರೆ, ಸುತ್ತಲೂ ಸಮುದ್ರವೆಲ್ಲ ಹಾಲಿನಂತೆ ಬೆಳ್ಳಗೆ ಹೊಳೆಯುತ್ತಿದೆ! ಹೀಗೆ ಕಡಲನ್ನು ಬೆಳಗಿಸುವುದು ಕಣ್ಣಿಗೆ ಕಾಣದ ಬ್ಯಾಕ್ಟೀರಿಯಾ, ಕೋಟಿ ಕೋಟಿ ಲೆಕ್ಕದಲ್ಲಿ ಸೇರಿ. ವಿಜ್ಞಾನಿಗಳು ಹಳೆಯ ಉಪಗ್ರಹ ಚಿತ್ರಗಳನ್ನು ಕೆದಕಿ, ಆ ರಾತ್ರಿಯ ಬೆಳಕು ಅಲ್ಲಿಯೂ ಮೂಡಿದೆ ಎಂದು ತೋರಿಸಿದ್ದು 2005ರಲ್ಲಿ. ಹಾಲು ಹರಡಿದ್ದು ಸುಮಾರು 15,400 ಚದರ ಕಿ.ಮೀ. ಅಂದರೆ ಹತ್ತಿರ ಹತ್ತಿರ ಮೂರು ಬೀದರ್ ಜಿಲ್ಲೆಯಷ್ಟು!