‘ಬಿರುಕು’ ‘ಪಲ್ಲವಿ’ಯಾದಾಗ

ಕಾದಂಬರಿ ಬರೆದವರೇ ಸಿನಿಮಾನೂ ಮಾಡಿದರೆ ಕಥೆ ಹಾಗೇ ಉಳಿಯುತ್ತೆ ಅಂದುಕೊಂಡಿದ್ದೀರಾ?

ಪಿ. ಲಂಕೇಶ್ ಅವರನ್ನು ನೋಡಿ. ತಮ್ಮದೇ ಕಾದಂಬರಿ ‘ಬಿರುಕು’ ಹಿಡಿದು ನಿರ್ದೇಶನಕ್ಕೆ ಇಳಿದರು. 1976ರಲ್ಲಿ ತೆರೆಗೆ ಬಂದಾಗ ಹೆಸರೇ ಬೇರೆ: ‘ಪಲ್ಲವಿ’. ಕಥೆ ಸಾಗಿದ್ದು ಹೆಣ್ಣಿನ ಕಣ್ಣಿನಿಂದ! ಅವಳೂ ಅವಳ ಗೆಳೆಯನೂ ಕೆಲಸ ಹುಡುಕುತ್ತಾರೆ, ಸಿಗುವುದು ಅವಳಿಗೆ. ಅಲ್ಲಿಂದ ಅವಳ ಬದುಕಿನ ದಾರಿಯೇ ಬೇರೆ. ವಿಮಲಾ ನಾಯ್ಡು, ಟಿ.ಎನ್. ಸೀತಾರಾಂ ಅಭಿನಯ, ರಾಜೀವ ತಾರಾನಾಥರ ಸಂಗೀತ. ಮೊದಲ ಚಿತ್ರಕ್ಕೇ ಲಂಕೇಶರಿಗೆ ಶ್ರೇಷ್ಠ ನಿರ್ದೇಶಕ ರಾಷ್ಟ್ರಪ್ರಶಸ್ತಿ. ತಾನು ಬರೆದದ್ದನ್ನು ತಾನೇ ಬಿಚ್ಚಿ ಮತ್ತೆ ಕಟ್ಟುವುದಕ್ಕೆ ಎಂಥ ಧೈರ್ಯ ಬೇಕು!

ದಾಂಡೇಲಿ, ಹಳಿಯಾಳ, ಜೋಯಿಡಾ, ಮುಂಡಗೋಡದಲ್ಲಿ ಕೂತು ಕಾದಂಬರಿ ಬರೆಯುತ್ತಿರುವ ಗೆಳತಿಯರೇ, ನಿಮ್ಮ ಕಥೆಯೂ ತೆರೆಗೆ ಬರಬೇಕಾ? ಪುಸ್ತಕದಲ್ಲಿ ‘ಅವಳಿಗೆ ಊರು ಬೇಸರವಾಗಿತ್ತು’ ಅಂತ ಬರೆದರೆ ಸಾಕು. ಕ್ಯಾಮೆರಾಗೆ ಬೇಸರ ಕಾಣುವುದಿಲ್ಲ. ಗಣೇಶಗುಡಿಯಲ್ಲಿ ಮಳೆಗೆ ನೆನೆಯುತ್ತ, ದಾಂಡೇಲಿ ಬಸ್ಸಿನ ದಾರಿ ಕಾಯುವ ಹುಡುಗಿ ಕಾಣುತ್ತಾಳೆ. ಅವಳನ್ನು ತೋರಿಸಿ, ಉಳಿದ ಪುಟ ಬಿಟ್ಟುಬಿಡಿ.

ಮೊದಲು ‘ಬಿರುಕು’ ಓದಿ. ಆಮೇಲೆ ‘ಪಲ್ಲವಿ’ ನೋಡಿ. ಲಂಕೇಶರು ಏನೇನು ಬಿಟ್ಟರು ಅಂತ ಪೆನ್ಸಿಲ್‌ನಲ್ಲಿ ಗುರುತು ಹಾಕುತ್ತ ಹೋಗಿ.