‘ಸೆಕ್ಸಿ’ ಎನ್ನುವ ಮುನ್ನ

2012ರ ಫೆಬ್ರುವರಿಯಲ್ಲಿ ರಾಷ್ಟ್ರೀಯ ಮಹಿಳಾ ಆಯೋಗದ ಆಗಿನ ಅಧ್ಯಕ್ಷೆ ಮಮತಾ ಶರ್ಮಾ ಜೈಪುರದ ಸಭೆಯೊಂದರಲ್ಲಿ, ಯಾರಾದರೂ ‘ಸೆಕ್ಸಿ’ ಎಂದರೆ ಹುಡುಗಿಯರು ಬೇಸರ ಮಾಡಿಕೊಳ್ಳಬಾರದು, ಆ ಪದಕ್ಕೆ ಸುಂದರ, ಆಕರ್ಷಕ ಎಂದಷ್ಟೇ ಅರ್ಥ ಎಂಬ ಧಾಟಿಯಲ್ಲಿ ಮಾತಾಡಿದರು. ಮಹಿಳಾ ಸಂಘಟನೆಗಳು ಕೂಡಲೇ ತಿರುಗಿಬಿದ್ದವು. ಬಸ್‌ಸ್ಟಾಪಿನಲ್ಲಿ ಹುಡುಗಿಯರನ್ನು ಚುಡಾಯಿಸುವವರು ದಿನವೂ ಆಡುವ ಪದಕ್ಕೆ, ಹೆಣ್ಣುಮಕ್ಕಳ ಪರ ನಿಲ್ಲಬೇಕಾದ ಆಯೋಗವೇ ಒಪ್ಪಿಗೆಯ ಮುದ್ರೆ ಒತ್ತಿದಂತಾಗಿತ್ತು.

ಆಮೇಲೆ ಆ ಪದ ಇನ್ನೂ ಬಳಕೆಗೆ ಬಂದಿದೆ. ಕಾಲೇಜು ಕ್ಯಾಂಟೀನು, ಇನ್‌ಸ್ಟಾಗ್ರಾಮ್ ಕಾಮೆಂಟು, ಸಿನಿಮಾ ಸುದ್ದಿಯ ತಲೆಬರಹ, ಮದುವೆ ಮನೆಯ ಫೋಟೊ ಸೆಷನ್ನು, ಎಲ್ಲೆಲ್ಲೂ ಕೇಳಿಸುತ್ತದೆ. ಅದರ ಸುತ್ತ ಕಟ್ಟಿಕೊಂಡಿರುವ ತಪ್ಪು ಗ್ರಹಿಕೆಗಳೂ ಅಷ್ಟೇ ಗಟ್ಟಿಯಾಗಿವೆ. ಅವುಗಳಲ್ಲಿ ಕೆಲವು ಹೆಣ್ಣುಮಕ್ಕಳ ನೆಮ್ಮದಿಯನ್ನೇ ಕೆಡಿಸುತ್ತವೆ. ಅದಕ್ಕೇ ಒಂದೊಂದಾಗಿ ನೋಡಬೇಕು.

ತಪ್ಪು ಕಲ್ಪನೆ: ‘ಸೆಕ್ಸಿ’ ಅಂದರೆ ಸುಂದರ, ಅಷ್ಟೇ.

ವಾಸ್ತವ: ಅಲ್ಲ. ಪದದ ಹೊಟ್ಟೆಯಲ್ಲೇ ಕಾಮದ ಮಾತಿದೆ. ಹತ್ತೊಂಬತ್ತನೇ ಶತಮಾನದ ಕೊನೆಯ ಹೊತ್ತಿಗೆ ಇಂಗ್ಲಿಷಿನಲ್ಲಿ ಹುಟ್ಟಿದಾಗ ಅದಕ್ಕಿದ್ದ ಅರ್ಥ ‘ಲೈಂಗಿಕ ವಿಷಯದಲ್ಲೇ ಮುಳುಗಿರುವ’ ಎಂದು. ನೋಡಿದವರಲ್ಲಿ ಆಸೆ ಹುಟ್ಟಿಸುವ ವ್ಯಕ್ತಿ ಎಂಬ ಅರ್ಥ ನೆಲೆಯೂರಿದ್ದು 1920ರ ದಶಕದಲ್ಲಿ. ಒಬ್ಬರನ್ನು ಸುಂದರ ಎನ್ನುವಾಗ ನಾವು ಅವರ ರೂಪದ ಬಗ್ಗೆ ಹೇಳುತ್ತೇವೆ. ಸೆಕ್ಸಿ ಎನ್ನುವಾಗ ಆ ರೂಪ ನಮ್ಮೊಳಗೆ ಏನು ಮಾಡುತ್ತಿದೆ ಎಂಬುದನ್ನೂ ಹೇಳಿಬಿಡುತ್ತೇವೆ. ಈ ವ್ಯತ್ಯಾಸ ಕೇಳಿಸಿಕೊಳ್ಳುವವರಿಗೆ ತಕ್ಷಣ ಗೊತ್ತಾಗುತ್ತದೆ. ಹೇಳುವವರೇ ಗೊತ್ತಿಲ್ಲದ ಹಾಗೆ ಇರುತ್ತಾರೆ.

ಆಕರ್ಷಣೆಗೂ ಅಂದಕ್ಕೂ ಗಂಟು ಹಾಕುವುದು ಎಷ್ಟು ತಪ್ಪು ಎಂದು ಕನ್ನಡಿಗರಿಗೆ ಹೊರಗಿನವರು ಹೇಳಿಕೊಡಬೇಕಾಗಿಲ್ಲ. ಜನ್ನ 1209ರಲ್ಲಿ ಬರೆದ ‘ಯಶೋಧರ ಚರಿತೆ’ಯಲ್ಲಿ ರಾಣಿ ಅಮೃತಮತಿಗೆ ಮನಸಾರೆ ಪ್ರೀತಿಸುವ, ರೂಪವಂತನಾದ ರಾಜನೇ ಗಂಡ. ರಾತ್ರಿಯ ಹೊತ್ತು ಗಜಶಾಲೆಯ ಕಡೆಯಿಂದ ತೇಲಿಬಂದ ಹಾಡು ಅವಳನ್ನು ಹಿಡಿದು ನಿಲ್ಲಿಸುತ್ತದೆ. ಹಾಡಿದವನು ಅಷ್ಟಾವಂಕ, ನೋಡಲು ವಿಕಾರವಾದ ಮಾವುತ. ಅವನ ರೂಪ ಎಂಥದ್ದೆಂದು ಗೆಳತಿ ನೋಡಿ ಬಂದು ಹೇಳಿದ ಮೇಲೂ ರಾಣಿಯ ಮನಸ್ಸು ಹಿಂದೆ ಸರಿಯುವುದಿಲ್ಲ. ಸೆಳೆತ ಕಿವಿಯಿಂದ ಬರಬಹುದು, ಮಾತಿನಿಂದ ಬರಬಹುದು, ಕಾರಣವೇ ತಿಳಿಯದ ಹಾಗೂ ಬರಬಹುದು ಎಂಬುದನ್ನು ಎಂಟು ನೂರು ವರ್ಷಗಳ ಹಿಂದೆಯೇ ನಮ್ಮ ಕವಿಯೊಬ್ಬ ಇಷ್ಟು ತಣ್ಣಗೆ, ಇಷ್ಟು ನಿರ್ಭಯವಾಗಿ ಬರೆದಿದ್ದಾನೆ.

ತಪ್ಪು ಕಲ್ಪನೆ: ಇಂಥದ್ದೆಲ್ಲ ಪಶ್ಚಿಮದಿಂದ ಬಂದದ್ದು, ನಮ್ಮಲ್ಲಿ ಈ ಭಾವವೇ ಇರಲಿಲ್ಲ.

ವಾಸ್ತವ: ಜನ್ನನ ಕಾವ್ಯವೇ ಇದಕ್ಕೆ ಉತ್ತರ. ನಾಟ್ಯಶಾಸ್ತ್ರ ರಸಗಳನ್ನು ಹೇಳಲು ಶುರುಮಾಡುವುದೇ ಶೃಂಗಾರದಿಂದ. 1117ರಲ್ಲಿ ಪ್ರತಿಷ್ಠೆಯಾದ ಬೇಲೂರಿನ ಚೆನ್ನಕೇಶವ ದೇವಾಲಯದ ಮದನಿಕೆಯರ ಮುಂದೆ ನಿಂತು, ಸೊಂಟದ ಬಳುಕು, ಕನ್ನಡಿ ಹಿಡಿದ ಕೈ, ತುಟಿಯಂಚಿನ ನಗು ನೋಡಿದವರಿಗೆ ನಮ್ಮ ಶಿಲ್ಪಿಗಳು ದೇಹದ ಚೆಲುವನ್ನು ಕಂಡು ನಾಚಿಕೊಂಡವರಲ್ಲ ಎಂದು ಗೊತ್ತಾಗುತ್ತದೆ. ಬೆಡಗು, ಬಿನ್ನಾಣ, ಒಯ್ಯಾರ, ಸೊಬಗು, ಮೋಹಕ, ಮಾದಕ, ಇಷ್ಟೊಂದು ಪದ ಇಟ್ಟುಕೊಂಡ ಭಾಷೆ ಇದು. ಪಶ್ಚಿಮದಿಂದ ಬಂದದ್ದು ಪದ ಮಾತ್ರ. ಆ ಪದವನ್ನು ಗುರುತು ಪರಿಚಯ ಇಲ್ಲದವರ ಮೇಲೆ ಎಸೆಯುವ ಚಾಳಿಯನ್ನು ಮಾತ್ರ ನಾವು ಯಾರಿಂದಲೂ ಕಡ ತರಲಿಲ್ಲ, ಅದು ನಮ್ಮ ಬೀದಿಗಳಲ್ಲಿ ಮೊದಲೇ ಇತ್ತು.

ತಪ್ಪು ಕಲ್ಪನೆ: ಅದು ಹೆಂಗಸರಿಗೆ ಹೇಳುವ ಪದ.

ವಾಸ್ತವ: ಈಗಿನ ಅರ್ಥದಲ್ಲಿ ಆ ಪದ ಬಳಕೆಯಾದ ಮೊದಮೊದಲ ಉದಾಹರಣೆಗಳಲ್ಲೊಂದು ಗಂಡಸಿನ ಬಗ್ಗೆಯೇ ಇದೆ. ಅವನು ಹಾಲಿವುಡ್ಡಿನ ಮೂಕಿ ಚಿತ್ರಗಳ ನಟ ರುಡಾಲ್ಫ್ ವ್ಯಾಲೆಂಟಿನೊ. 1926ರಲ್ಲಿ ಅವನು 31ನೇ ವಯಸ್ಸಿಗೆ ತೀರಿಕೊಂಡಾಗ ನ್ಯೂಯಾರ್ಕಿನ ಬೀದಿಗಳು ಅಭಿಮಾನಿಗಳಿಂದ ತುಂಬಿಹೋಗಿದ್ದವು. ಅಮೆರಿಕದ ‘ಪೀಪಲ್’ ಪತ್ರಿಕೆ 1985ರಿಂದ ಅತ್ಯಂತ ಸೆಕ್ಸಿ ಗಂಡಸು ಯಾರು ಎಂದು ಹೆಸರಿಸುತ್ತ ಬಂದಿದೆ. ನಮ್ಮಲ್ಲಿ ಈ ಪದದ ಭಾರ ಹೆಣ್ಣಿನ ಮೇಲೇ ಬಿದ್ದಿರುವುದು ಪದಕೋಶದ ದೋಷ ಅಲ್ಲ, ನೋಡುವ ಹಕ್ಕು ಗಂಡಸಿನದು, ನೋಡಿಸಿಕೊಳ್ಳುವ ಪಾಡು ಹೆಂಗಸಿನದು ಎಂಬ ಹಳೆಯ ಏರ್ಪಾಡಿನ ದೋಷ.

ತಪ್ಪು ಕಲ್ಪನೆ: ಪದವೇ ಅಶ್ಲೀಲ, ಎಲ್ಲೂ ಆಡಬಾರದು.

ವಾಸ್ತವ: ಇದೂ ಸರಿಯಲ್ಲ. ಹೊಸ ಬೈಕ್ ನೋಡಿ ‘ಸಖತ್ ಸೆಕ್ಸಿಯಾಗಿದೆ ಮಗಾ’ ಎನ್ನುವ ಹುಡುಗನ ಮನಸ್ಸಿನಲ್ಲಿ ಕೊಳಕು ಹುಡುಕಬೇಕಿಲ್ಲ. ಮನಸ್ಸು ಸೆಳೆಯುವ, ಮೋಜು ಹುಟ್ಟಿಸುವ ಎಂಬ ಅರ್ಥವೂ ಆ ಪದಕ್ಕೆ ಬಂದು ಬಹಳ ಕಾಲವಾಯಿತು. 2012ರ ಅಕ್ಟೋಬರಿನಲ್ಲಿ ‘ಹಾರ್ವರ್ಡ್ ಬಿಸಿನೆಸ್ ರಿವ್ಯೂ’ ಡೇಟಾ ಸೈಂಟಿಸ್ಟ್ ಕೆಲಸವನ್ನು ಈ ಶತಮಾನದ ಅತ್ಯಂತ ಸೆಕ್ಸಿ ಉದ್ಯೋಗ ಎಂದು ಕರೆಯಿತು. ಆ ಲೇಖನದ ಹೆಸರು ಬೆಂಗಳೂರಿನ ಐಟಿ ಕಂಪನಿಗಳ ಮೀಟಿಂಗುಗಳಲ್ಲೂ ಬೇಕಾದಷ್ಟು ಓಡಾಡಿದೆ.

ನಿಷೇಧದಿಂದ ಏನೂ ಸಾಧಿಸಲಾಗದು ಎಂಬುದಕ್ಕೆ 1994ರ ಹಿಂದಿ ಚಿತ್ರ ‘ಖುದ್ದಾರ್’ ಸಾಕ್ಷಿ. ಕರಿಷ್ಮಾ ಕಪೂರ್ ಕುಣಿದ ಹಾಡಿನಲ್ಲಿ ಈ ಪದ ಇದೆ ಎಂದು ಗದ್ದಲವೆದ್ದು, ಅದರ ಜಾಗದಲ್ಲಿ ‘ಬೇಬಿ’ ಎಂದು ಹಾಕಿದರು. ಪದ ಹೋಯಿತು, ಕ್ಯಾಮೆರಾ ನೋಡುವ ರೀತಿ ಹಾಗೇ ಉಳಿಯಿತು. ಗಂಡ ಹೆಂಡತಿ, ಪ್ರೇಮಿಗಳು, ಒಬ್ಬರನ್ನೊಬ್ಬರು ಚೆನ್ನಾಗಿ ಬಲ್ಲ ಗೆಳತಿಯರು ತಮ್ಮ ತಮ್ಮೊಳಗೆ ಈ ಪದ ಆಡಿಕೊಂಡರೆ ಅದರಲ್ಲಿ ಪ್ರೀತಿ ಇರುತ್ತದೆ, ಸಲಿಗೆ ಇರುತ್ತದೆ. ಅಲ್ಲಿಗೆ ಯಾರೂ ಮೂಗು ತೂರಿಸಬೇಕಾಗಿಲ್ಲ.

ತಪ್ಪು ಕಲ್ಪನೆ: ಹೊಗಳಿದ್ದು ತಾನೇ? ಬೇಜಾರು ಮಾಡಿಕೊಳ್ಳುವಂಥದ್ದೇನಿದೆ?

ವಾಸ್ತವ: ಹೆಚ್ಚು ನೋವು ಕೊಡುವ ಕಲ್ಪನೆ ಇದು.

ಆಫೀಸುಗಳಲ್ಲಿ ದೀಪಾವಳಿಗೆ ಮುಂಚೆ ನಡೆಯುವ ‘ಎಥ್ನಿಕ್ ಡೇ’ ನೆನಪಿಸಿಕೊಳ್ಳಿ. ಕೆಲಸಕ್ಕೆ ಸೇರಿ ಇನ್ನೂ ಆರು ತಿಂಗಳಾಗದ ಹುಡುಗಿ ಅಮ್ಮನ ಮೈಸೂರು ರೇಷ್ಮೆ ಉಟ್ಟು, ಮಲ್ಲಿಗೆ ಮುಡಿದು ಬಂದಿದ್ದಾಳೆ. ಲಿಫ್ಟಿನ ಹತ್ತಿರ ಟೀಮ್ ಲೀಡರ್ ‘ಏನಮ್ಮಾ, ಇವತ್ತು ಸಖತ್ ಸೆಕ್ಸಿಯಾಗಿ ಕಾಣ್ತಿದೀಯ’ ಎನ್ನುತ್ತಾನೆ. ಪಕ್ಕದಲ್ಲಿದ್ದ ಇಬ್ಬರು ನಗುತ್ತಾರೆ. ಅವಳೂ ನಗುತ್ತಾಳೆ, ಬೇರೆ ಏನು ಮಾಡಬೇಕೆಂದು ತೋಚದೆ. ಕೈ ತಾನಾಗಿ ಸೆರಗಿಗೆ ಹೋಗುತ್ತದೆ. ಅಲ್ಲಿಂದ ಮುಂದೆ ಅವಳು ಗ್ರೂಪ್ ಫೋಟೊದಲ್ಲಿ ಹಿಂದಿನ ಸಾಲಿಗೆ ಸರಿಯುತ್ತಾಳೆ, ಊಟಕ್ಕೆ ಬೇರೆ ಮೇಜು ಹುಡುಕುತ್ತಾಳೆ, ಮುಂದಿನ ವರ್ಷ ಚೂಡಿದಾರ್ ಹಾಕಿಕೊಂಡು ಬರುತ್ತಾಳೆ. ಅವಳ ಅಪ್ರೈಸಲ್ ಬರೆಯುವವನೂ ಅವನೇ. ಅವನಿಗೆ ಆ ಮಾತು ಮಧ್ಯಾಹ್ನದ ಹೊತ್ತಿಗೆ ಮರೆತುಹೋಗಿದೆ.

ಆ ನಗುವನ್ನು ಒಪ್ಪಿಗೆ ಎಂದು ಓದುವವರು ಬಹಳ ಜನ. ಮೇಲಿನವನ ಮುಂದೆ ಕೆಳಗಿನವಳು ನಗುವುದು ಬಹುಪಾಲು ಆ ಕ್ಷಣದಿಂದ ಪಾರಾಗಲಿಕ್ಕೆ. ನನ್ನ ಉದ್ದೇಶ ಕೆಟ್ಟದ್ದಿರಲಿಲ್ಲ ಎಂಬ ಸಮರ್ಥನೆ ಎಷ್ಟೇ ಪ್ರಾಮಾಣಿಕವಾಗಿದ್ದರೂ, ಮಾತು ಬಂದು ಬಿದ್ದದ್ದು ಅವಳ ಮೈಮೇಲೆ. ಅದು ಹೇಗನಿಸಿತು ಎಂದು ಹೇಳುವ ಹಕ್ಕೂ ಅವಳದೇ.

ಕಾನೂನು ಕೂಡ ಇದನ್ನೇ ಹೇಳುತ್ತದೆ. 1997ರ ಆಗಸ್ಟ್ 13ರಂದು ವಿಶಾಖಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ಮಾರ್ಗಸೂಚಿಗಳಲ್ಲೇ ಲೈಂಗಿಕ ಧಾಟಿಯ ಮಾತುಗಳನ್ನು ಕಿರುಕುಳದ ಪಟ್ಟಿಗೆ ಸೇರಿಸಲಾಗಿತ್ತು. ಕೆಲಸದ ಜಾಗದ ಲೈಂಗಿಕ ಕಿರುಕುಳ ತಡೆಯುವ, ‘ಪೋಶ್’ ಎಂದು ಜನ ಕರೆಯುವ 2013ರ ಕಾಯ್ದೆಯೂ ಅದನ್ನು ಹಾಗೇ ಉಳಿಸಿಕೊಂಡಿದೆ. ಆ ಕಾಯ್ದೆಯ ವ್ಯಾಖ್ಯೆಯಲ್ಲಿ ಎಲ್ಲದಕ್ಕೂ ಮೊದಲು ಬರುವ ಪ್ರಶ್ನೆ, ಆ ವರ್ತನೆ ಅವಳಿಗೆ ಬೇಕಿತ್ತೇ ಬೇಡವಾಗಿತ್ತೇ ಎಂಬುದು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 75ನೇ ಸೆಕ್ಷನ್ ಪ್ರಕಾರ ಹೆಣ್ಣಿಗೆ ಲೈಂಗಿಕ ಧಾಟಿಯ ಮಾತಾಡಿದರೆ ಒಂದು ವರ್ಷದವರೆಗೆ ಜೈಲು, ಇಲ್ಲವೇ ದಂಡ, ಇಲ್ಲವೇ ಎರಡೂ ಆಗಬಹುದು. ‘ಡಾರ್ಲಿಂಗ್’ ಎಂಬ ಮಾತಿಗೂ ಶಿಕ್ಷೆಯಾದದ್ದುಂಟು. ಗುರುತಿಲ್ಲದ ಮಹಿಳಾ ಪೊಲೀಸ್ ಸಿಬ್ಬಂದಿಯನ್ನು ಹಾಗೆ ಕರೆದವನ ಅಪರಾಧವನ್ನು ಕಲ್ಕತ್ತಾ ಹೈಕೋರ್ಟ್ 2024ರಲ್ಲಿ ಎತ್ತಿಹಿಡಿಯಿತು. ಸಹೋದ್ಯೋಗಿಯ ಮೈಕಟ್ಟಿನ ಬಗ್ಗೆ ಆಡಿದ ಮಾತು ಬರೀ ಹೊಗಳಿಕೆ ಎಂಬ ವಾದವನ್ನು 2025ರ ಜನವರಿಯಲ್ಲಿ ಕೇರಳ ಹೈಕೋರ್ಟ್ ಒಪ್ಪದೆ, ಪ್ರಕರಣ ರದ್ದು ಮಾಡಲು ನಿರಾಕರಿಸಿತು.

ತಪ್ಪು ಕಲ್ಪನೆ: ಒಂದೇ ಸಲ ಹೇಳಿದರೆ ಅದು ಕಿರುಕುಳ ಆಗುವುದಿಲ್ಲ.

ವಾಸ್ತವ: ಪದೇ ಪದೇ ನಡೆದಿರಬೇಕೆಂಬ ಷರತ್ತು ಪೋಶ್ ಕಾಯ್ದೆಯಲ್ಲಿ ಇಲ್ಲ. ಒಂದು ಘಟನೆ ಸಾಕು. ಹಾಗೆಂದು ಪದ ಬಾಯಿಂದ ಬಿದ್ದ ತಕ್ಷಣ ಯಾರನ್ನೂ ಜೈಲಿಗೆ ಹಾಕುವುದಿಲ್ಲ. ದೂರು ವಿಚಾರಿಸುವ ಸಮಿತಿ ಎರಡೂ ಕಡೆಯವರ ಮಾತು ಕೇಳಲೇಬೇಕು. ದೂರನ್ನು ಸಾಬೀತು ಮಾಡಲಾಗದಿದ್ದ ಮಾತ್ರಕ್ಕೆ ಅದು ಸುಳ್ಳು ದೂರು ಎಂದೂ ಆಗುವುದಿಲ್ಲ.

ತಪ್ಪು ಕಲ್ಪನೆ: ಅಂಥ ಪಾತ್ರ ಮಾಡುವವಳಿಗೆ, ಅಂಥ ಬಟ್ಟೆ ಹಾಕುವವಳಿಗೆ ಹೇಳಿದರೆ ತಪ್ಪಿಲ್ಲ.

ವಾಸ್ತವ: ಸಿಲ್ಕ್ ಸ್ಮಿತಾ ಬದುಕು ನೋಡಿ. ಆಂಧ್ರದ ಏಲೂರು ಸೀಮೆಯ ಬಡ ಮನೆಯ ವಿಜಯಲಕ್ಷ್ಮಿ, 1980ರ ತಮಿಳು ಚಿತ್ರ ‘ವಂಡಿಚಕ್ಕರಂ’ನಲ್ಲಿ ‘ಸಿಲ್ಕ್’ ಎಂಬ ಪಾತ್ರ ಮಾಡಿದ ಮೇಲೆ ಆ ಪಾತ್ರದ ಹೆಸರೇ ಆಕೆಯ ಹೆಸರಾಯಿತು. ಕನ್ನಡವೂ ಸೇರಿ ದಕ್ಷಿಣದ ಎಲ್ಲ ಭಾಷೆಗಳಲ್ಲಿ ಆಕೆಯ ಒಂದು ಹಾಡಿದ್ದರೆ ಸಾಕು, ಚಿತ್ರ ಓಡುತ್ತದೆ ಎಂದು ವಿತರಕರು ನಂಬಿದ್ದ ಕಾಲವಿತ್ತು. ಅದೇ ಕಾಲದಲ್ಲಿ, 1981ರಲ್ಲಿ, ಭಾರತಿರಾಜ ಅವರ ‘ಅಲೈಗಳ್ ಓಯ್ವದಿಲ್ಲೈ’ ಚಿತ್ರದಲ್ಲಿ ಮೈತುಂಬ ಸೀರೆ ಉಟ್ಟ ಗೃಹಿಣಿಯಾಗಿ ಆಕೆ ಮಾಡಿದ ಪಾತ್ರ ನೋಡಿದವರಿಗೆ, ಎಂಥ ನಟಿಯನ್ನು ನಾವು ಬರೀ ಮೈಯಾಗಿ ನೋಡಿದೆವು ಎಂದು ಸಂಕಟವಾಗುತ್ತದೆ. ಆ ಬಗೆಯ ಪಾತ್ರಗಳು ಆಕೆಗೆ ಸಿಕ್ಕಿದ್ದು ತೀರ ಕಡಿಮೆ. 1996ರ ಸೆಪ್ಟೆಂಬರಿನಲ್ಲಿ, 35ನೇ ವಯಸ್ಸಿಗೆ, ಚೆನ್ನೈಯಲ್ಲಿ ಆಕೆ ತೀರಿಕೊಂಡರು.

ತೆರೆಯ ಮೇಲಿನ ಪಾತ್ರ ಮಾದಕವಾಗಿತ್ತು ಎಂದು ವಿಮರ್ಶಕ ಬರೆಯಬಹುದು, ಅದು ಕೆಲಸದ ಬಗೆಗಿನ ಮಾತು. ಶೂಟಿಂಗ್ ಮುಗಿಸಿ ಮನೆಗೆ ಹೊರಟ ಹೆಂಗಸಿಗೆ ಅದೇ ಪದ ಕೂಗುವ ಅಧಿಕಾರ ಟಿಕೆಟ್ ಕೊಂಡವನಿಗೆ ಬರುವುದಿಲ್ಲ. ಬಟ್ಟೆಯ ಮಾತೂ ಅಷ್ಟೇ. ಜೀನ್ಸ್ ಹಾಕಿದವಳಿಗೂ ಬುರ್ಖಾ ತೊಟ್ಟವಳಿಗೂ ಇಳಕಲ್ ಸೀರೆ ಉಟ್ಟವಳಿಗೂ ಅದೇ ಬೀದಿಯಲ್ಲಿ ಅದೇ ಮಾತು ಕೇಳಿಸುತ್ತದೆ. ಅಲ್ಲಿ ಕಾರಣ ಬಟ್ಟೆಯಲ್ಲ, ಹೇಳಿದರೆ ಏನೂ ಆಗುವುದಿಲ್ಲ ಎಂಬ ಧೈರ್ಯ. ನಮ್ಮ ಪತ್ರಿಕೆ, ಚಾನೆಲ್, ವೆಬ್‌ಸೈಟುಗಳ ‘ಹಾಟ್ ಬೆಡಗಿ’, ‘ಮಾದಕ ಚೆಲುವೆ’ ತಲೆಬರಹಗಳು ಆ ಧೈರ್ಯಕ್ಕೆ ದಿನವೂ ಎಣ್ಣೆ ಹೊಯ್ಯುತ್ತಿವೆ. ನಟಿಯೊಬ್ಬರ ಹೊಸ ಚಿತ್ರದ ಸುದ್ದಿಗೂ ಅದೇ ವಿಶೇಷಣ, ಆಕೆಯ ತಂದೆ ತೀರಿಕೊಂಡ ಸುದ್ದಿಗೂ ಅದೇ ವಿಶೇಷಣ ಹಾಕುವ ಕೈಗಳು ಒಂದು ಗಳಿಗೆ ನಿಲ್ಲಬೇಕು.

ತಪ್ಪು ಕಲ್ಪನೆ: ಮುದ್ದಿಗೆ ಮಕ್ಕಳಿಗೆ ಹೇಳಿದರೆ ಏನಂತೆ?

ವಾಸ್ತವ: ಹೇಳಲೇಬಾರದು. ಇದರಲ್ಲಿ ಎರಡು ಮಾತಿಲ್ಲ. ಹುಟ್ಟುಹಬ್ಬದ ಪಾರ್ಟಿಯಲ್ಲಿ ತೋಳಿಲ್ಲದ ಫ್ರಾಕ್ ತೊಟ್ಟ ಆರು ವರ್ಷದ ಮಗುವಿಗೆ ‘ಎಷ್ಟ್ ಸೆಕ್ಸಿಯಾಗಿದೀಯೇ ಪುಟ್ಟಿ’ ಎನ್ನುವ ಚಿಕ್ಕಮ್ಮನ ಮನಸ್ಸಿನಲ್ಲಿ ಖಂಡಿತ ಕೆಟ್ಟದ್ದಿರುವುದಿಲ್ಲ. ಆದರೆ ಆ ಮಗು ಆ ಪದವನ್ನು ಬಹುಮಾನದ ಹಾಗೆ ಎತ್ತಿಕೊಳ್ಳುತ್ತದೆ. ನಾಳೆ ಕೆಟ್ಟ ಮನಸ್ಸಿನ ದೊಡ್ಡವನೊಬ್ಬ ಅದೇ ಪದ ಆಡಿದಾಗ, ಅದರಲ್ಲಿ ಅಪಾಯವಿದೆ ಎಂದು ಮಗುವಿಗೆ ಅನಿಸುವುದಿಲ್ಲ. ಲೈಂಗಿಕ ಉದ್ದೇಶದಿಂದ ಮಗುವಿಗೆ ಆಡಿದ ಮಾತು 2012ರ ಪೋಕ್ಸೊ ಕಾಯ್ದೆಯಡಿ ಅಪರಾಧ. ಅದಕ್ಕೆ ಮೂರು ವರ್ಷದವರೆಗೆ ಶಿಕ್ಷೆ ಇದೆ. ಮನೆಯಲ್ಲಿ ಯಾರಾದರೂ ಮಗುವಿಗೆ ಹೀಗೆ ಹೇಳಿದರೆ, ಬಂಧುಗಳಿಗೆ ಬೇಸರವಾದೀತು ಎಂದು ಸುಮ್ಮನಿರಬೇಡಿ. ‘ಆ ಮಾತು ಬೇಡ ಚಿಕ್ಕಮ್ಮ, ಮುದ್ದಾಗಿದೀಯ ಅನ್ನಿ’ ಎಂದು ಅಲ್ಲೇ, ಮಗುವಿಗೂ ಕೇಳಿಸುವ ಹಾಗೆ ಹೇಳಿಬಿಡಿ.

ತಪ್ಪು ಕಲ್ಪನೆ: ದೂರು ಕೊಟ್ಟರೆ ಏನೂ ಆಗುವುದಿಲ್ಲ, ಸುಮ್ಮನಿರುವುದೇ ಲೇಸು.

ವಾಸ್ತವ: ಪೋಶ್ ಕಾಯ್ದೆಯ ಪ್ರಕಾರ ಹತ್ತು ಅಥವಾ ಹೆಚ್ಚು ಜನ ಕೆಲಸ ಮಾಡುವ ಪ್ರತಿ ಜಾಗದಲ್ಲೂ ಆಂತರಿಕ ಸಮಿತಿ ಇರಲೇಬೇಕು. ಅದರ ಅಧ್ಯಕ್ಷತೆ ಮಹಿಳೆಯದ್ದೇ ಆಗಿರಬೇಕು, ಹೊರಗಿನ ಒಬ್ಬ ಸದಸ್ಯರೂ ಇರಬೇಕು. ಸಮಿತಿ ರಚಿಸದ ಮಾಲೀಕರಿಗೆ 50,000 ರೂಪಾಯಿವರೆಗೆ ದಂಡ. ಹತ್ತಕ್ಕಿಂತ ಕಡಿಮೆ ಜನರಿರುವ ಅಂಗಡಿ, ಕಾರ್ಖಾನೆಗಳವರು, ಮನೆಗೆಲಸದವರು ಜಿಲ್ಲೆಯ ಸ್ಥಳೀಯ ಸಮಿತಿಗೆ ಹೋಗಬಹುದು. ಘಟನೆ ನಡೆದ ಮೂರು ತಿಂಗಳೊಳಗೆ ಬರವಣಿಗೆಯಲ್ಲಿ ದೂರು ಕೊಡಬೇಕು. ತಡವಾದದ್ದಕ್ಕೆ ತಕ್ಕ ಕಾರಣವಿದ್ದರೆ ಸಮಿತಿ ಇನ್ನೂ ಮೂರು ತಿಂಗಳು ಅವಕಾಶ ಕೊಡಬಹುದು. ವಿಚಾರಣೆ 90 ದಿನಗಳಲ್ಲಿ ಮುಗಿಯಬೇಕು. ಆಡಿದ ಮಾತು, ದಿನಾಂಕ, ಹೊತ್ತು, ಹತ್ತಿರ ಯಾರಿದ್ದರು ಎಂಬುದನ್ನು ಅಂದೇ ಬರೆದಿಟ್ಟುಕೊಳ್ಳಿ. ಮೆಸೇಜ್ ಬಂದಿದ್ದರೆ ಅಳಿಸಬೇಡಿ. ನಿಮ್ಮ ಆಫೀಸಿನ ಸಮಿತಿಯಲ್ಲಿ ಯಾರ್‍ಯಾರಿದ್ದಾರೆ ಎಂಬುದನ್ನು ಎಲ್ಲರಿಗೂ ಕಾಣುವ ಜಾಗದಲ್ಲಿ ತೂಗುಹಾಕುವುದು ಮಾಲೀಕರ ಹೊಣೆ. ಅದು ಅಲ್ಲಿ ಇಲ್ಲದಿದ್ದರೆ ನಾಳೆಯೇ ಕೇಳಿ.