ಬೇಕರ್ ಸ್ಟ್ರೀಟಿನ ಹತ್ತು ಪ್ಲಾಟ್‌ಫಾರಂಗಳು

ಪ್ರಶ್ನೆ: ಲಂಡನ್ನಿನ ಬೇಕರ್ ಸ್ಟ್ರೀಟ್ ನಿಲ್ದಾಣದಲ್ಲಿ ಹತ್ತು ಪ್ಲಾಟ್‌ಫಾರಂಗಳಿರುವುದೇಕೆ?

ಉತ್ತರ: ಅದು ಒಮ್ಮೆಗೇ ಕಟ್ಟಿದ ನಿಲ್ದಾಣವಲ್ಲ, ಅವಿಭಕ್ತ ಕುಟುಂಬದ ಹಳೆಯ ಮನೆಗೆ ತಲೆಮಾರಿಗೊಂದು ಅಂಕಣ ಸೇರುತ್ತ ಹೋದಂತೆ ಬೆಳೆದುದು. 1863ರ ಜನವರಿ 10ರಂದು ಪ್ಯಾಡಿಂಗ್ಟನ್ನಿನಿಂದ ಫ್ಯಾರಿಂಗ್ಡನ್ನಿನವರೆಗೆ ಜಗತ್ತಿನ ಪ್ರಥಮ ಭೂಗರ್ಭ ರೈಲುಮಾರ್ಗವು ಸಾರ್ವಜನಿಕರಿಗೆ ತೆರೆದಾಗ ಇಲ್ಲಿದ್ದವು ಇಂದಿನ 5 ಮತ್ತು 6ನೆಯವು ಮಾತ್ರ. ಬೀದಿಯನ್ನೇ ಅಗೆದು, ಆ ಕಂದಕಕ್ಕೆ ಇಟ್ಟಿಗೆಯ ಕಮಾನು ಮುಚ್ಚಿ, ಅದರ ಮೇಲೆ ಮತ್ತೆ ಬೀದಿಯನ್ನು ಹಾಸಿದ ಅಂದಿನ ಶಿಲ್ಪಿಗಳು, ಗಾಡಿಯನ್ನೆಳೆಯುವುದು ಉಗಿಯಂತ್ರವಾದುದರಿಂದ, ಬೆಳಕು ಬರಲೆಂದೂ ಧೂಮ ಹೊರಹೋಗಲೆಂದೂ ಇಕ್ಕೆಲದ ಗೋಡೆಗಳಲ್ಲಿ ಓರೆಯಾದ ಗವಾಕ್ಷಗಳನ್ನಿರಿಸಿದರು. ಅವು ಇಂದಿಗೂ ಸಾಲಾಗಿ ನಿಂತಿವೆ, ಆದರೆ ಅವುಗಳೊಳಗಿಂದ ಇಳಿಯುವುದು ಹಗಲಲ್ಲ, ವಿದ್ಯುದ್ದೀಪದ ಪ್ರಭೆ.

1868ರಲ್ಲಿ ಇಲ್ಲಿಂದ ಉತ್ತರಕ್ಕೆ ಕವಲೊಡೆದ ಶಾಖೆಯ ಪಾಲಿಗೆ ಈಗ 1ರಿಂದ 4ರವರೆಗಿನವು ಇವೆ. 1906ರಲ್ಲಿ ಬೇಕರ್‌ಲೂ ಮಾರ್ಗ ಬಂದಿತು. ಮೇಲೆ ತೆರಪಿಲ್ಲದೆ ಅದು ಜೇಡಿಮಣ್ಣಿನ ಆಳಕ್ಕೆ ಕೊಳವೆಯಂತೆ ಸುರಂಗ ಕೊರೆದುಕೊಂಡಿತು. ಅದರ ಒಂದು ಶಾಖೆಯೇ 1979ರಲ್ಲಿ ಜ್ಯುಬಿಲಿ ಮಾರ್ಗದಲ್ಲಿ ಲೀನವಾಯಿತು. 7ರಿಂದ 10ರವರೆಗಿನವು ಈ ಎರಡಕ್ಕೂ ಸೇರಿದವು; ಒಂದೇ ದಿಕ್ಕಿನ ಗಾಡಿಗಳು ಅಕ್ಕಪಕ್ಕದಲ್ಲೇ ನಿಲ್ಲುವುದರಿಂದ ಮೆಟ್ಟಿಲು ಹತ್ತದೆಯೇ ಗಾಡಿ ಬದಲಿಸಬಹುದು. ಬೇಕರ್‌ಲೂ ಗೋಡೆಯ ಹೆಂಚುಗಳಲ್ಲಿ, ಕತೆಗಳಲ್ಲಿ ಬೇಕರ್ ಸ್ಟ್ರೀಟಿನಲ್ಲೇ ವಾಸಿಸುವ ಪತ್ತೇದಾರ, ಬಾಯಲ್ಲಿ ಚುಂಗಾಣಿ ಕಚ್ಚಿದ ಷೆರ್ಲಾಕ್ ಹೋಮ್ಸನ ಕಪ್ಪು ಛಾಯೆ! ಬೀದಿಯ ಕೀರ್ತಿಯೆಲ್ಲ ಹುಟ್ಟದೇ ಇದ್ದ ಆ ಪುಣ್ಯಾತ್ಮನಿಗೇ ಸಂದಿದೆ.